ಮಾಯಾ ಡೆರೆನ್: ಕತ್ತರಿ ಹಿಡಿದ ನಟಿ ಕತ್ತರಿಸದೆ ಬಿಟ್ಟ ಚಿತ್ರ

ಇವತ್ತು ಮೊಬೈಲ್ ಇರೋರೆಲ್ಲ ತಾವೇ ನಟಿಸಿ, ತಾವೇ ಎಡಿಟ್ ಮಾಡಿ ವಿಡಿಯೊ ಹಾಕ್ತಾರೆ. ಎಂಬತ್ತು ವರ್ಷಗಳ ಹಿಂದೆ, ಹಾಲಿವುಡ್ ಸ್ಟುಡಿಯೊಗಳ ದರ್ಬಾರಿನ ಕಾಲದಲ್ಲಿ ಈ ಕೆಲಸ ಮಾಡಿದಾಕೆ ಮಾಯಾ ಡೆರೆನ್.

ಹುಟ್ಟಿದ್ದು 1917ರಲ್ಲಿ, ಕೀವ್ ನಗರದ ಯಹೂದಿ ಕುಟುಂಬದಲ್ಲಿ. ಹೆತ್ತವರು ಇಟ್ಟ ಹೆಸರು ಎಲಿಯನೋರಾ. ಯಹೂದಿಗಳ ಮೇಲೆ ದಾಳಿಗಳು ನಡೆಯುತ್ತಿದ್ದ ಕಾಲ ಅದು. 1922ರಲ್ಲಿ ಕುಟುಂಬ ಅಮೆರಿಕಕ್ಕೆ ವಲಸೆ ಹೋಯ್ತು. ಆಕೆ ಸಾಹಿತ್ಯ ಓದಿದರು, ನೃತ್ಯಗಾರ್ತಿ ಕ್ಯಾಥರೀನ್ ಡನ್ಹಮ್ ಅವರ ಬಳಿ ಸಹಾಯಕಿಯಾಗಿ ಕೆಲಸ ಮಾಡಿದರು. ‘ಮಾಯಾ’ ಆಮೇಲೆ ತಾವೇ ಇಟ್ಟುಕೊಂಡ ಹೆಸರು. ಮಾಯೆ ಅಂದ್ರೆ ಏನು ಅಂತ ನಮಗೆ ಯಾರೂ ಬಿಡಿಸಿ ಹೇಳಬೇಕಿಲ್ಲ.

1943ರಲ್ಲಿ ಪತಿ ಅಲೆಕ್ಸಾಂಡರ್ ಹಮ್ಮಿಡ್ ಜೊತೆ ಸೇರಿ, ಲಾಸ್ ಏಂಜಲೀಸ್‌ನ ತಮ್ಮ ಮನೆಯಲ್ಲೇ ‘ಮೆಷಸ್ ಆಫ್ ದಿ ಆಫ್ಟರ್‌ನೂನ್’ ತೆಗೆದರು. 16 ಎಂಎಂ ಫಿಲ್ಮು, ಹದಿನಾಲ್ಕು ನಿಮಿಷದ ಚಿತ್ರ. ನಾಯಕಿ ಆಕೆಯೇ. ಒಂದು ಮೇಜಿನ ಸುತ್ತ ಮೂವರು ಮಾಯಾ ಕೂತಿರ್ತಾರೆ. ಒಬ್ಬಳು ಚಾಕು ಹಿಡಿದು ಎದ್ದು ಬರ್ತಾಳೆ. ಒಂದು ಹೆಜ್ಜೆ ಮರಳಿನ ಮೇಲೆ, ಮತ್ತೊಂದು ಹುಲ್ಲಿನ ಮೇಲೆ, ಕೊನೆಯದು ಕೋಣೆಯ ಜಮಖಾನದ ಮೇಲೆ. ನಟಿ ಒಂದು ಕಡೆ ಎತ್ತಿದ ಕಾಲನ್ನು ಸಂಕಲನಕಾರ್ತಿ ಇನ್ನೊಂದು ಕಡೆ ಇಳಿಸ್ತಾಳೆ. ನಡಿಗೆಯ ವೇಗ, ದಿಕ್ಕು ಚೂರು ತಪ್ಪಿದರೂ ಮಾಯೆ ಒಡೆದುಹೋಗುತ್ತೆ. 1944ರ ‘ಅಟ್ ಲ್ಯಾಂಡ್’ನಲ್ಲೂ ಅಷ್ಟೇ: ಕಡಲತೀರದಲ್ಲಿ ತೆವಳಲು ಶುರು ಮಾಡಿದವಳು ಶ್ರೀಮಂತರ ಊಟದ ಮೇಜಿನ ಮೇಲೆ ತೆವಳ್ತಾಳೆ. ಒಬ್ಬರೂ ಅವಳ ಕಡೆ ನೋಡಲ್ಲ.

ವಿತರಕರಿಗಾಗಿ ಆಕೆ ಕಾಯಲಿಲ್ಲ. 1946ರಲ್ಲಿ ನ್ಯೂಯಾರ್ಕಿನ ಪ್ರಾವಿನ್ಸ್‌ಟೌನ್ ಪ್ಲೇಹೌಸ್ ಬಾಡಿಗೆಗೆ ಹಿಡಿದು ತಾವೇ ಚಿತ್ರ ತೋರಿಸಿದರು. ಜನ ಮುಗಿಬಿದ್ದರು. ಅದೇ ವರ್ಷ ಗುಗನ್‌ಹೈಮ್ ಫೆಲೋಶಿಪ್ ಬಂತು, ಮರುವರ್ಷ ಕಾನ್ ಚಿತ್ರೋತ್ಸವದ ಪ್ರಶಸ್ತಿ.

ಫೆಲೋಶಿಪ್ ಹಣದಲ್ಲಿ 1947ರಲ್ಲಿ ಹೈಟಿಗೆ ಹೊರಟರು. ಅಲ್ಲಿನ ವೊಡು ಆಚರಣೆಯ ಕುಣಿತಗಳನ್ನು ಕಚ್ಚಾವಸ್ತುವಾಗಿ ಬಳಸಿ ತಮ್ಮದೇ ಒಂದು ಕಲಾಚಿತ್ರ ಕಟ್ಟೋದು ಉದ್ದೇಶ. ಸಾವಿರಾರು ಅಡಿ ಫಿಲ್ಮು ಚಿತ್ರೀಕರಿಸಿದರು. ಆದರೆ ನೋಡಲು ಹೋದವರು ಆಚರಣೆಯಲ್ಲಿ ಪಾಲ್ಗೊಳ್ಳುವವರಾದರು. ಅದು ಒಂದು ಸಮುದಾಯದ ಬಾಳುವೆ, ಅದನ್ನು ತನ್ನ ಕಲೆಗೆ ಬೇಕಾದಂತೆ ತುಂಡರಿಸಲಾಗದು ಅನ್ನೋದು ಮನವರಿಕೆ ಆಯ್ತು. ಕಂಡಿದ್ದನ್ನು 1953ರಲ್ಲಿ ‘ಡಿವೈನ್ ಹಾರ್ಸ್‌ಮೆನ್’ ಪುಸ್ತಕವಾಗಿ ಬರೆದರು. ಚಿತ್ರ ಮಾತ್ರ ಆಗಲೇ ಇಲ್ಲ.

1961ರಲ್ಲಿ ಮಿದುಳಿನ ರಕ್ತಸ್ರಾವದಿಂದ ತೀರಿಕೊಂಡಾಗ ಆಕೆಗೆ ಬರೀ 44. ಹೈಟಿಯ ರೀಲುಗಳು ಹಾಗೇ ಉಳಿದಿದ್ದವು. ಎಷ್ಟೋ ವರ್ಷಗಳ ನಂತರ ಅವನ್ನು ಜೋಡಿಸಿ ಸಾಕ್ಷ್ಯಚಿತ್ರ ಮಾಡಿದ್ದು ಬೇರೆಯವರು.

ಈ ಅಪೂರ್ಣ ಚಿತ್ರವನ್ನು ಆಕೆಯ ಸೋಲು ಅನ್ನೋರಿದ್ದಾರೆ. ಆದರೆ ತನ್ನ ದೇಹವನ್ನು ಹೇಗೆ ಬೇಕಾದರೂ ತುಂಡರಿಸಿ ಜೋಡಿಸಬಲ್ಲವಳು ಇನ್ನೊಬ್ಬರ ದೇವರ ಮುಂದೆ ಕತ್ತರಿ ಕೆಳಗಿಟ್ಟಳು. ಯಾರದೋ ಮಾತನ್ನು, ಯಾರದೋ ಜಾತ್ರೆಯನ್ನು ಹತ್ತು ಸೆಕೆಂಡಿಗೆ ತುಂಡು ಮಾಡಿ ಹರಿಬಿಡುವ ನಮ್ಮ ಕಾಲಕ್ಕೆ ಆಕೆಯಿಂದ ಕಲಿಯೋದು ಇರೋದು ಇಲ್ಲೇ.