ಬೊಂಬೆಗೆ ಜೀವ ಕೊಟ್ಟವನು

1933ರಲ್ಲಿ ‘ಕಿಂಗ್ ಕಾಂಗ್’ ಚಿತ್ರ ನೋಡಿದ ಜನ ಹೌಹಾರಿದರು. ಆ ಮಹಾವಾನರನಾದರೋ ಸುಮಾರು 18 ಅಂಗುಲದ ಬೊಂಬೆ! ಲೋಹದ ಎಲುಬು, ರಬ್ಬರಿನ ಮೈ, ಮೇಲೆ ಮೊಲದ ತುಪ್ಪುಳು. ಅದನ್ನು ಆಡಿಸಿದಾತ ವಿಲ್ಲಿಸ್ ಓಬ್ರಿಯನ್. 1886ರಲ್ಲಿ ಅಮೆರಿಕದ ಓಕ್‌ಲೆಂಡಿನಲ್ಲಿ ಹುಟ್ಟಿದವನು. ಬೊಂಬೆಯನ್ನು ಎಳ್ಳಷ್ಟು ಸರಿಸಿ ಒಂದು ಚಿತ್ರ ತೆಗೆಯಬೇಕು, ಮತ್ತೆ ಸರಿಸಬೇಕು. ತೆರೆಯ ಮೇಲಿನ ಒಂದು ಸೆಕೆಂಡಿಗೆ ಇಂಥ 24 ಚಿತ್ರ. ಬೆರಳು ತಗುಲಿ ರೋಮ ಕದಲುತ್ತಿತ್ತು. ಲೋಪವೇ ಸರಿ, ನೋಡಿದವರಿಗೆ ಮಾತ್ರ ಕಾಂಗ್ ಸಿಟ್ಟಿನಿಂದ ರೋಮ ನಿಮಿರಿಸಿದಂತೆ ಕಂಡಿತು.

ಅದೇ ವರ್ಷ ಈತನ ಇಬ್ಬರು ಮಕ್ಕಳೂ ತಾಯಿಯ ಗುಂಡಿಗೆ ಬಲಿಯಾದರು. ಮುಂದಿನ ಯೋಜನೆಗಳೂ ಬಹುಪಾಲು ಕಾಗದದಲ್ಲೇ ಉಳಿದವು. 1949ರ ‘ಮೈಟಿ ಜೋ ಯಂಗ್’ಗೆ ಆಸ್ಕರ್ ಬಂದಿತು. 1962ರಲ್ಲಿ ಈತನದೇ ಒಂದು ಕಲ್ಪನೆ ಕೈಬದಲಾಗಿ, ಜಪಾನಿನಲ್ಲಿ ಕಾಂಗ್ ಗಾಡ್ಜಿಲ್ಲಾನೊಡನೆ ಕಾದಾಡಿದನು; ಅಲ್ಲಿ ಹೆಚ್ಚಾಗಿ ಬೊಂಬೆಯಲ್ಲ, ವೇಷ ತೊಟ್ಟ ಮನುಷ್ಯ. ಆ ನವೆಂಬರಿನಲ್ಲಿ ಓಬ್ರಿಯನ್ ತೀರಿಕೊಂಡನು.