ಹೊರನಾಡಿನಿಂದ ತಾಯ್ನಾಡನ್ನು ಬರೆದ ಅಲ್ಫೊನ್ಸೊ ರೇಯೆಸ್

ಪರದೇಶಕ್ಕೆ ಹೋದವರು ತಾಯ್ನೆಲಕ್ಕೆ ಎರವಾಗಿಬಿಡುತ್ತಾರೆಂಬ ಆತಂಕ ಊರಿನಲ್ಲಿ ಉಳಿದವರನ್ನು ಎಂದಿನಿಂದಲೂ ಕಾಡಿದೆ. ಮೆಕ್ಸಿಕೋ ಸಾಹಿತ್ಯದ ಹಿರಿಯ ವಿಮರ್ಶಕ ಅಲ್ಫೊನ್ಸೊ ರೇಯೆಸ್ ಅವರು ಈ ಆತಂಕವನ್ನು ಬಹಿರಂಗ ಆರೋಪದ ರೂಪದಲ್ಲಿಯೇ ಎದುರಿಸಬೇಕಾಯಿತು.

ರೇಯೆಸ್ ಹುಟ್ಟಿದ್ದು 1889ರಲ್ಲಿ, ಉತ್ತರ ಮೆಕ್ಸಿಕೋದ ಮಾಂಟೆರ್ರೆ ನಗರದಲ್ಲಿ. ತಂದೆ ಜನರಲ್ ಬರ್ನಾರ್ಡೊ ರೇಯೆಸ್ ಆ ಪ್ರಾಂತದ ಗವರ್ನರ್ ಆಗಿದ್ದವರು. ಮನೆಯಲ್ಲಿ ಅಧಿಕಾರವಿತ್ತು, ಪುಸ್ತಕಗಳಿದ್ದವು. ಮಗ ಒಲಿದದ್ದು ಪುಸ್ತಕಗಳಿಗೆ. 1911ರಲ್ಲಿಯೇ ಅವರ ಮೊದಲ ಪ್ರಬಂಧ ಸಂಕಲನ ಪ್ಯಾರಿಸ್ಸಿನಲ್ಲಿ ಪ್ರಕಟವಾಯಿತು. ಆಗ ಅವರ ವಯಸ್ಸು ಇಪ್ಪತ್ತೆರಡು.

1913ರ ಫೆಬ್ರವರಿ 9ರಂದು ಎಲ್ಲವೂ ಬದಲಾಯಿತು. ಅಧ್ಯಕ್ಷ ಮದೇರೊ ವಿರುದ್ಧದ ದಂಗೆಯ ಮುಂಚೂಣಿಯಲ್ಲಿದ್ದ ಜನರಲ್ ರೇಯೆಸ್, ರಾಷ್ಟ್ರೀಯ ಅರಮನೆಯ ಎದುರು ಗುಂಡೇಟಿಗೆ ಬಲಿಯಾದರು. ಮದೇರೊ ಅವರನ್ನು ಉರುಳಿಸಿ ಬಂದ ಹೊಸ ಆಡಳಿತಗಾರ ನೀಡಲು ಬಂದ ಹುದ್ದೆಯನ್ನು ಮಗ ನಿರಾಕರಿಸಿದರು. ಅದೇ ವರ್ಷ ಕಾನೂನು ಪದವಿ ಮುಗಿಸಿ, ಪತ್ನಿ ಮಾನುವೇಲಾ ಹಾಗೂ ಎಳೆಯ ಮಗನೊಂದಿಗೆ ಪ್ಯಾರಿಸ್ಸಿನ ಮೆಕ್ಸಿಕೋ ರಾಯಭಾರ ಕಚೇರಿಯ ಸಣ್ಣ ಹುದ್ದೆಗೆ ತೆರಳಿದರು. ಮರುವರ್ಷ ತಾಯ್ನಾಡಿನಲ್ಲಿ ಸರ್ಕಾರ ಬದಲಾಗಿ ಆ ಕೆಲಸವೂ ಹೋಯಿತು. ಯುರೋಪಿನಲ್ಲಿ ಮಹಾಯುದ್ಧ ಆರಂಭವಾಗಿತ್ತು. ಮರಳುವ ದಾರಿ ಕಾಣದೆ ಕುಟುಂಬ ಮ್ಯಾಡ್ರಿಡ್ ಸೇರಿತು.

ಅಲ್ಲಿ ಲೇಖನಿಯೊಂದೇ ಜೀವನಾಧಾರ. ಅನುವಾದ, ಪತ್ರಿಕಾ ಬರಹ, ಹಳೆಯ ಕೃತಿಗಳ ಸಂಪಾದನೆ, ಗುಪ್ತನಾಮದಲ್ಲಿ ಚಲನಚಿತ್ರ ವಿಮರ್ಶೆ, ಹೀಗೆ ದೊರೆತ ಕೆಲಸವನ್ನೆಲ್ಲ ಅವರು ಮಾಡಿದರು. ವಿದ್ವಾಂಸ ಮೆನೆಂದೆಸ್ ಪಿದಾಲ್ ಅವರ ಐತಿಹಾಸಿಕ ಅಧ್ಯಯನ ಕೇಂದ್ರದಲ್ಲಿ ಪಾಠಶೋಧನೆಯ ಶಿಸ್ತನ್ನು ಕಲಿತರು. ಆ ಬಡತನದ ನಡುವೆಯೇ, 1915ರಲ್ಲಿ, ‘ಅನಾವಾಕ್ ದರ್ಶನ’ ಎಂಬ ಅರ್ಥದ ಹೆಸರುಳ್ಳ ಕಿರುಕೃತಿ ರೂಪುಗೊಂಡಿತು. 1519ರಲ್ಲಿ ಸ್ಪ್ಯಾನಿಷರು ಮೊದಲು ಕಂಡ ಮೆಕ್ಸಿಕೋ ಕಣಿವೆ, ಸರೋವರದ ನಡುವಿನ ಟೆನೋಚ್ಟಿಟ್ಲಾನ್ ನಗರ, ಅದರ ಸಂತೆ, ಹೂವುಗಳು, ದೇಗುಲಗಳು ಅಲ್ಲಿ ಮತ್ತೆ ಜೀವ ತಳೆದವು. ಆಧುನಿಕ ಮೆಕ್ಸಿಕನ್ ಗದ್ಯದ ಶ್ರೇಷ್ಠ ಕೃತಿಗಳಲ್ಲೊಂದೆಂದು ಇಂದು ಗಣಿಸಲ್ಪಡುವ ಅದು ಬರೆಯಲ್ಪಟ್ಟದ್ದು ಮ್ಯಾಡ್ರಿಡ್ಡಿನಲ್ಲಿ. 1917ರಲ್ಲಿ ಅಚ್ಚಾದದ್ದು ಕೋಸ್ಟರಿಕಾದಲ್ಲಿ.

ಅದೇ ಅವಧಿಯಲ್ಲಿ ಅವರು ಹದಿನೇಳನೆಯ ಶತಮಾನದ ನಾಟಕಕಾರ ಹ್ವಾನ್ ರುಯಿಸ್ ದೆ ಅಲಾರ್ಕೊನ್ ಅವರ ನಾಟಕಗಳನ್ನೂ ಸಂಪಾದಿಸಿದರು. ಅಲಾರ್ಕೊನ್ ಕೂಡ ಮೆಕ್ಸಿಕೋದಲ್ಲಿ ಹುಟ್ಟಿ ಮ್ಯಾಡ್ರಿಡ್ಡಿಗೆ ಬಂದು, ಅಲ್ಲಿನ ಲೇಖಕರ ಅಪಹಾಸ್ಯ ಸಹಿಸಿ ಬರೆದವರು. ಮೂರು ಶತಮಾನಗಳ ಅಂತರದ ಇಬ್ಬರು ವಲಸಿಗರು ಒಂದೇ ಊರಿನಲ್ಲಿ ಹೀಗೆ ಸಂಧಿಸಿದರು.

1920ರಲ್ಲಿ ರೇಯೆಸ್ ಮತ್ತೆ ರಾಜತಾಂತ್ರಿಕ ಸೇವೆಗೆ ಸೇರಿದರು. ಪ್ಯಾರಿಸ್, ಬ್ಯೂನಸ್ ಐರಿಸ್, ರಿಯೊ ಡಿ ಜನೈರೊ ನಗರಗಳಲ್ಲಿ ದೇಶವನ್ನು ಪ್ರತಿನಿಧಿಸಿದರು. ರಿಯೊದಿಂದ ತಾವೇ ಹೊರತಂದ ಸಾಹಿತ್ಯ ಪತ್ರಿಕೆಗೆ ಹುಟ್ಟೂರಿನ ಹೆಸರನ್ನೇ, ಮಾಂಟೆರ್ರೆ ಎಂದೇ, ಇಟ್ಟರು. ಆದರೂ 1932ರಲ್ಲಿ ಮೆಕ್ಸಿಕೋದ ಯುವ ಪತ್ರಕರ್ತರೊಬ್ಬರು, ರೇಯೆಸ್ ತಾಯ್ನಾಡಿನ ಸಾಹಿತ್ಯದಿಂದ ದೂರ ಸರಿದಿದ್ದಾರೆಂದು ಬರೆದರು. ನೊಂದ ರೇಯೆಸ್ ಕಿರುಹೊತ್ತಗೆಯೊಂದರ ಮೂಲಕ ಉತ್ತರಿಸಿದರು. ಜಗತ್ತಿನ ಅರಿವಿಗೆ ಉದಾರವಾಗಿ ತೆರೆದುಕೊಂಡಾಗಲೇ ಸ್ವದೇಶಕ್ಕೆ ನಿಜವಾದ ಪ್ರಯೋಜನವಾಗುತ್ತದೆಂಬುದು ಅವರ ವಾದದ ಸಾರ. ತಂದೆಯ ಸಾವನ್ನು ಕುರಿತು 1930ರಲ್ಲಿ ಬರೆದ ಗದ್ಯವನ್ನು ಮಾತ್ರ ಅವರು ಬದುಕಿರುವವರೆಗೆ ಪ್ರಕಟಿಸಲಿಲ್ಲ. ಅದು ಬೆಳಕು ಕಂಡದ್ದು 1963ರಲ್ಲಿ.

1939ರಲ್ಲಿ ರೇಯೆಸ್ ಶಾಶ್ವತವಾಗಿ ಸ್ವದೇಶಕ್ಕೆ ಮರಳಿದರು. ಆಗ ಸ್ಪೇನಿನ ಅಂತರ್ಯುದ್ಧದಿಂದ ಓಡಿಬಂದ ವಿದ್ವಾಂಸರಿಗಾಗಿ ಅಧ್ಯಕ್ಷ ಕಾರ್ದೆನಾಸ್ ಅವರ ಸರ್ಕಾರ ಸ್ಥಾಪಿಸಿದ್ದ ‘ಸ್ಪೇನ್ ನಿವಾಸ’ದ ಹೊಣೆ ಅವರ ಹೆಗಲೇರಿತು. ಕೆಲಸವಿಲ್ಲದೆ ಮ್ಯಾಡ್ರಿಡ್ಡಿನಲ್ಲಿ ಅಲೆದಿದ್ದ ವ್ಯಕ್ತಿ, ಈಗ ಆ ನಾಡಿನ ನಿರಾಶ್ರಿತರಿಗೆ ಬೋಧನೆಯ ಕೆಲಸವನ್ನೂ ನೆಲೆಯನ್ನೂ ಒದಗಿಸಿದರು. 1940ರಲ್ಲಿ ಆ ಸಂಸ್ಥೆಯೇ ‘ಎಲ್ ಕೊಲೆಹಿಯೊ ದೆ ಮೆಹಿಕೊ’ ಆಯಿತು. ಇಂದಿಗೂ ಅದು ಆ ದೇಶದ ಪ್ರತಿಷ್ಠಿತ ಅಧ್ಯಯನ ಕೇಂದ್ರ. ಸಾಹಿತ್ಯದ ಸ್ವರೂಪವನ್ನು ಶಾಸ್ತ್ರೀಯವಾಗಿ ಶೋಧಿಸಿದ ‘ಎಲ್ ದೆಸ್ಲಿಂದೆ’ 1944ರಲ್ಲಿಯೂ, ವಸಾಹತು ಕಾಲದ ಮೆಕ್ಸಿಕೋ ಸಾಹಿತ್ಯ ಚರಿತ್ರೆ 1948ರಲ್ಲಿಯೂ ಹೊರಬಂದವು. ಮಿಷನರಿಗಳ ನಾಟಕಗಳಿಂದ ಅಲಾರ್ಕೊನ್, ಸೋರ್ ಹ್ವಾನಾ ಅವರವರೆಗಿನ ಪರಂಪರೆಯನ್ನು ಆ ಚರಿತ್ರೆ ಒಂದೇ ಎಳೆಯಲ್ಲಿ ಪೋಣಿಸುತ್ತದೆ.

1959ರ ಡಿಸೆಂಬರ್ 27ರಂದು ರೇಯೆಸ್ ಮೆಕ್ಸಿಕೋ ನಗರದಲ್ಲಿ ನಿಧನರಾದರು. ಅವರ ಮನೆಯ ಬಹುಭಾಗವನ್ನು ಗ್ರಂಥಾಲಯವೇ ಆವರಿಸಿತ್ತು. ಗೆಳೆಯರು ಅದನ್ನು ಅಲ್ಫೊನ್ಸೊ ಅವರ ಪ್ರಾರ್ಥನಾಮಂದಿರವೆಂದು ಕರೆಯುತ್ತಿದ್ದರು. ಆ ಪುಸ್ತಕಗಳು ಈಗ ಮಾಂಟೆರ್ರೆಯ ವಿಶ್ವವಿದ್ಯಾಲಯದಲ್ಲಿವೆ. ಹುಟ್ಟೂರಿನ ವಿದ್ಯಾರ್ಥಿಗಳು ಅವುಗಳನ್ನು ಓದುತ್ತಿದ್ದಾರೆ.