ಹೆಬ್ಬೆರಳು ಹೇಳಿದ್ದೆಷ್ಟು?

ಕಳೆದ ಮಳೆಗಾಲದಲ್ಲಿ ಅಣಶಿಯ ನಮ್ಮ ಪಕ್ಕದ ಮನೆಯ ಕೊಟ್ಟಿಗೆಯಲ್ಲಿ ಒಂದು ಕರು ಸತ್ತು ಬಿದ್ದಿತ್ತು. ಹೊರಗೆ ಕೆಸರಿನಲ್ಲಿ ಚಿರತೆಯ ಹೆಜ್ಜೆ. ಚಿರತೆಯೇ ಕೊಂದಿದೆ ಎಂದು ಎಲ್ಲರೂ ತೀರ್ಮಾನಿಸಿದರು. ರಜೆಗೆ ಬಂದಿದ್ದ ನಾನೂ ಹೌದೆಂದೆ. ಪಶುವೈದ್ಯರು ಬಂದು ನೋಡಿದರೆ ಕುತ್ತಿಗೆಯಲ್ಲಿ ಹಲ್ಲಿನ ಗುರುತೇ ಇಲ್ಲ. ಕರು ಹೊಟ್ಟೆಯುಬ್ಬರದಿಂದ ಸತ್ತಿತ್ತು. ಹೆಜ್ಜೆ ಸುಳ್ಳು ಹೇಳಿರಲಿಲ್ಲ. ಚಿರತೆ ಬಂದಿತ್ತು ಎಂದಷ್ಟೇ ಅದು ಹೇಳಿತ್ತು. ಉಳಿದ ಕಥೆ ಕಟ್ಟಿದ್ದು ನಾವು.

ಆಗ ನನಗೆ ನೆನಪಾದವರು ಖಾಜಿ ಅಜೀಜುಲ್ ಹಕ್. ಪ್ರತಿ ಪರೀಕ್ಷಾ ಕೇಂದ್ರದಲ್ಲಿ ಯಂತ್ರದ ಮೇಲೆ ಬೆರಳಿಡುವ ನಾವು ಅವರನ್ನು ತಿಳಿದಿರಬೇಕು.

ಹಕ್ ಹುಟ್ಟಿದ್ದು 1872ರಲ್ಲಿ, ಇಂದು ಬಾಂಗ್ಲಾದೇಶದಲ್ಲಿರುವ ಖುಲ್ನಾದಲ್ಲಿ. ಕಲ್ಕತ್ತೆಯ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಗಣಿತ ಓದಿದರು. 1892ರಲ್ಲಿ ಬಂಗಾಳದ ಪೊಲೀಸ್ ಮುಖ್ಯಸ್ಥ ಎಡ್ವರ್ಡ್ ಹೆನ್ರಿ ಅವರನ್ನು ಕೆಲಸಕ್ಕೆ ತೆಗೆದುಕೊಂಡಾಗ ಅವರಿಗೆ ನನ್ನದೇ ವಯಸ್ಸು, ಇಪ್ಪತ್ತು.

ಒಬ್ಬರ ಬೆರಳಚ್ಚು ಇನ್ನೊಬ್ಬರದಕ್ಕೆ ಹೊಂದುವುದಿಲ್ಲ ಎಂಬುದು ಆಗಲೇ ಗೊತ್ತಿತ್ತು. ಆದರೆ ಸಾವಿರಾರು ಕಾರ್ಡುಗಳ ನಡುವೆ ಬೇಕಾದ ಒಂದನ್ನು ಹುಡುಕುವುದು ಹೇಗೆ? ಹಕ್ ಕಂಡುಕೊಂಡ ಉತ್ತರ ಸರಳ. ಹತ್ತು ಬೆರಳುಗಳಲ್ಲಿ ಪ್ರತಿಯೊಂದರಲ್ಲೂ ಸುಳಿ ಇರುತ್ತದೆ ಅಥವಾ ಇರುವುದಿಲ್ಲ. 2ರ ಹತ್ತನೆಯ ಘಾತ 1024. ಅಂದರೆ 32 ಸಾಲು, 32 ಕಂಬಗಳ 1024 ಗೂಡುಗಳು. ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಅವರು ಬಳಸಿದ್ದು ನಾವು ಮೊದಲ ಸೆಮಿಸ್ಟರ್‌ನಲ್ಲಿ ಕಲಿಯುವ ಬೈನರಿ ಲೆಕ್ಕವನ್ನೇ. ಸಹೋದ್ಯೋಗಿ ಹೇಮಚಂದ್ರ ಬೋಸ್ ಕೂಡ ಈ ಕೆಲಸದಲ್ಲಿ ಜೊತೆಯಾದರು. 1897ರಲ್ಲಿ ಕಲ್ಕತ್ತೆಯಲ್ಲಿ ಬೆರಳಚ್ಚು ವಿಭಾಗ ಆರಂಭವಾಯಿತು.

ಅದೇ ವರ್ಷ ಜಲಪೈಗುರಿಯ ಚಹಾ ತೋಟದ ಮ್ಯಾನೇಜರ್ ಒಬ್ಬರ ಕೊಲೆಯಾಯಿತು. ಹಣದ ಪೆಟ್ಟಿಗೆ ತೆರೆದಿತ್ತು. ಅದರೊಳಗಿನ ಬಂಗಾಳಿ ಪಂಚಾಂಗದ ಮೇಲೆ ಕಂದು ಬಣ್ಣದ ಬೆರಳ ಕಲೆ. ಕಡತದಲ್ಲಿ ಹುಡುಕಿದಾಗ ಅದು ಕಂಗಾಲಿ ಚರಣ್ ಎಂಬಾತನ ಬಲ ಹೆಬ್ಬೆರಳಿಗೆ ಹೊಂದಿತು. ಆತ ಅದೇ ಮ್ಯಾನೇಜರ್ ಬಳಿ ಕೆಲಸಕ್ಕಿದ್ದು, ಕಳವು ಮಾಡಿ ಜೈಲಿಗೆ ಹೋಗಿ ಬಂದವನು. ಹಳೆಯ ದ್ವೇಷವಿತ್ತು, ಗುರುತೂ ಸಿಕ್ಕಿತು. ಗಲ್ಲಿಗೆ ಇನ್ನೇನು ಬೇಕು ಎನಿಸುತ್ತದೆ.

ಆದರೆ 1898ರಲ್ಲಿ ನ್ಯಾಯಾಲಯ ಕಳವಿಗಷ್ಟೇ ಶಿಕ್ಷೆ ಕೊಟ್ಟಿತು, ಕೊಲೆ ಆರೋಪದಿಂದ ಬಿಡುಗಡೆ ಮಾಡಿತು. ಕೊಂದದ್ದನ್ನು ಕಂಡವರಿರಲಿಲ್ಲ. ಹೆಬ್ಬೆರಳು ಪೆಟ್ಟಿಗೆಯವರೆಗೆ ಹೋದದ್ದನ್ನು ಹೇಳಿತು, ಕತ್ತಿ ಹಿಡಿದದ್ದನ್ನು ಹೇಳಲಿಲ್ಲ. ಅವನೇ ಕೊಂದಿದ್ದರೆ ಒಬ್ಬ ಕೊಲೆಗಾರ ತಪ್ಪಿಸಿಕೊಂಡ ಎಂದು ನನಗೆ ಮೊದಲು ಸಿಟ್ಟು ಬಂದಿತ್ತು. ಕರುವಿನ ಪ್ರಸಂಗದ ನಂತರ ಆ ಸಿಟ್ಟು ಉಳಿದಿಲ್ಲ. ಸಾಂದರ್ಭಿಕ ಸಾಕ್ಷ್ಯದ ಕೊಂಡಿಗಳೆಲ್ಲ ಬಿಡದೆ ಕೂಡಿಕೊಂಡು ಆರೋಪಿಯ ಅಪರಾಧವನ್ನು ಮಾತ್ರ ತೋರಿಸಬೇಕು, ಬೇರೆ ಸಾಧ್ಯತೆಗೆ ಎಡೆ ಇರಬಾರದು ಎಂದು ನಮ್ಮ ಸುಪ್ರೀಂ ಕೋರ್ಟ್ 1984ರಲ್ಲಿ ಶರದ್ ಸಾರ್ಡಾ ಪ್ರಕರಣದಲ್ಲಿ ಸ್ಪಷ್ಟಪಡಿಸಿತು. ಇಂದಿಗೂ ಕೊಲೆ ಪ್ರಕರಣಗಳಲ್ಲಿ ಅದೇ ಅಳತೆಗೋಲು.

ಹಕ್ ಅವರ ಬದುಕಿನಲ್ಲೂ ಇಂಥದೇ ಒಂದು ತಪ್ಪು ತೀರ್ಮಾನ ನಡೆಯಿತು. ಹೆನ್ರಿ 1900ರಲ್ಲಿ ಪುಸ್ತಕ ಪ್ರಕಟಿಸಿದರು, ಮರುವರ್ಷ ಲಂಡನ್ನಿನ ಸ್ಕಾಟ್ಲೆಂಡ್ ಯಾರ್ಡ್ ಸೇರಿದರು. ಹಕ್ ಅವರ ಗಣಿತ ಜಗತ್ತಿಗೆ ಹೆನ್ರಿ ಪದ್ಧತಿ ಎಂದೇ ಪರಿಚಯವಾಯಿತು. ಮೇಲಿದ್ದ ಹೆಸರು ನೋಡಿ ಕೆಲಸವೆಲ್ಲ ಅವರದೇ ಎಂದು ಲೋಕ ನಂಬಿತು. ವರ್ಷಗಳ ನಂತರ ಹಕ್ ತಮ್ಮ ಪಾಲನ್ನು ಕೇಳಿದರು. ಹೆನ್ರಿಯೂ ಅದನ್ನು ಒಪ್ಪಿಕೊಂಡರು. ಖಾನ್ ಬಹಾದ್ದೂರ್ ಬಿರುದು, 5000 ರೂಪಾಯಿ ಗೌರವಧನ ಬಂತು. 1935ರಲ್ಲಿ ಬಿಹಾರದ ಮೋತಿಹಾರಿಯಲ್ಲಿ ಅವರು ತೀರಿಕೊಂಡರು. ಪದ್ಧತಿಯ ಹೆಸರು ಮಾತ್ರ ಬದಲಾಗಲಿಲ್ಲ.

ಹಾಸ್ಟೆಲಿನಲ್ಲಿ ಪರ್ಸ್ ಕಳೆದಾಗ ಕೊನೆಗೆ ಕೋಣೆಯಿಂದ ಹೊರಟವನತ್ತ ನಾವೆಲ್ಲ ತಿರುಗಿ ನೋಡುತ್ತೇವೆ. ಗೆಳೆಯರೇ, ಮುಂದಿನ ಸಲ ಹಾಗೆ ನೋಡುವ ಮುನ್ನ ಕೇಳಿಕೊಳ್ಳೋಣ: ನಮಗೆ ಗೊತ್ತಿರುವುದು ಎಷ್ಟು, ನಾವು ಸೇರಿಸಿದ್ದು ಎಷ್ಟು?